ನೀಲಗಿರಿಯ ಹಲ್ಲುಹಳಿಯ ಮೇಲೆ

ಉಗಿ ಎಂಜಿನೆಂದರೆ ನನ್ನ ತಲೆಮಾರಿನವರಿಗೆ ನಿಂತ ಎಂಜಿನು. ಮೈಸೂರಿನ ರೈಲು ವಸ್ತುಸಂಗ್ರಹಾಲಯದ ಅಂಗಳದಲ್ಲಿ ಬಣ್ಣ ಬಳಿಸಿಕೊಂಡು ತಣ್ಣಗೆ ನಿಂತಿರುವಂಥದು. ನಮ್ಮ ತಂದೆಯವರಿಗಾದರೋ ಅದು ಮೈಸೂರು–ಅರಸೀಕೆರೆಯ ಮೀಟರ್ ಗೇಜ್ ದಾರಿಯಲ್ಲಿ ಕಣ್ಣಿಗೆ ಇದ್ದಲ ಪುಡಿ ಎರಚುತ್ತಿದ್ದ ಜೀವಂತ ಪ್ರಾಣಿ. ಎಪ್ಪತ್ತು ದಾಟಿದ ಅವರಿಗೆ ಓಡುವ ಹಳೆಯ ಎಂಜಿನನ್ನು ಮತ್ತೊಮ್ಮೆ ತೋರಿಸಬೇಕೆಂಬ ಹಂಬಲದಿಂದ ಕಳೆದ ಬೇಸಗೆಯಲ್ಲಿ ಅವರೊಡನೆ ನೀಲಗಿರಿಗೆ ಹೊರಟೆ.

ಉದಕಮಂಡಲಕ್ಕೆ ಹೋಗಿಬಂದ ಕನ್ನಡಿಗರು ಬಹು ಮಂದಿ. ಗುಂಡ್ಲುಪೇಟೆ, ಬಂಡೀಪುರಗಳ ಮಾರ್ಗವಾಗಿ ಬೆಟ್ಟ ಹತ್ತಿ, ಅಲ್ಲಿಂದ ಕೂನೂರಿನವರೆಗೆ ಪುಟ್ಟ ರೈಲಿನಲ್ಲಿ ಕುಳಿತು, ಉಗಿಬಂಡಿಯನ್ನೇರಿದೆವೆಂದು ತೃಪ್ತರಾಗಿ ಮರಳುತ್ತೇವೆ. ಆದರೆ ಆ ಭಾಗದಲ್ಲಿ ಗಾಡಿಯನ್ನೆಳೆಯುವುದು ಸಾಮಾನ್ಯವಾಗಿ ಡೀಸೆಲ್ ಎಂಜಿನು. ಉಗಿಯ ರಾಜ್ಯವಿರುವುದು ಬೆಟ್ಟದ ಆಚೆಯ ಮಗ್ಗುಲಲ್ಲಿ, ಕೊಯಮತ್ತೂರಿನ ಕಡೆಯ ಮೆಟ್ಟುಪಾಳಯಂನಿಂದ ಕೂನೂರಿನವರೆಗೆ.

ಈ ಮಾರ್ಗದ ಯೋಚನೆ ಮೊಳೆತದ್ದು 1854ರಲ್ಲಿ; ಕೆಲಸ ಕೈಗೂಡತೊಡಗಿದ್ದು 1891ರಲ್ಲಿ. 1899ರಲ್ಲಿ ರೈಲು ಕೂನೂರನ್ನು ಮುಟ್ಟಿತು, 1908ರಲ್ಲಿ ಉದಕಮಂಡಲವನ್ನು. ಸುಮಾರು 46 ಕಿಲೋಮೀಟರ್ ದಾರಿಯಲ್ಲಿ 208 ತಿರುವುಗಳು, 16 ಸುರಂಗಗಳು, 250 ಸೇತುವೆಗಳು. 326 ಮೀಟರ್ ಎತ್ತರದಿಂದ ಹೊರಟ ಗಾಡಿ 2,203 ಮೀಟರ್ ಎತ್ತರಕ್ಕೇರುತ್ತದೆ. 2005ರಲ್ಲಿ ಇದು ಯುನೆಸ್ಕೋದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು.

ಬೆಳಗಿನ ಏಳು ಗಂಟೆ ಕಳೆದು ಸ್ವಲ್ಪ ಹೊತ್ತಿಗೆ ಹೊರಟೆವು. ಇಲ್ಲಿ ಎಂಜಿನು ಮುಂದೆ ನಿಂತು ಎಳೆಯುವುದಿಲ್ಲ, ಹಿಂದೆ ನಿಂತು ನೂಕುತ್ತದೆ. ಡಬ್ಬಿಗಳಲ್ಲಿ ಬ್ರೇಕು ಹಿಡಿಯುವವರು ನಿಂತು ಬಾವುಟಗಳಿಂದ ಒಬ್ಬರಿಗೊಬ್ಬರು ಸನ್ನೆ ಮಾಡುತ್ತಾರೆ. ಕಲ್ಲಾರಿನವರೆಗೆ ಅಡಕೆ ತೋಟಗಳ ನಡುವೆ ಸಮತಟ್ಟಾದ ಓಟ. ಅಲ್ಲಿಂದ ಮುಂದೆ ಹನ್ನೆರಡು ಅಡಿಗೆ ಒಂದಡಿ ಏರುವ ದಾರಿ. ಬರಿಯ ಚಕ್ರ ಜಾರೀತು. ಆದ್ದರಿಂದ ಎರಡು ಹಳಿಗಳ ನಡುವೆ ಹಲ್ಲುಗಳುಳ್ಳ ಉಕ್ಕಿನ ಜೋಡಿ ಪಟ್ಟಿಯನ್ನು ಹಾಸಿದ್ದಾರೆ. ಒಂದರ ಹಲ್ಲು ಇನ್ನೊಂದರ ಸಂದಿಗೆ ಎದುರಾಗಿರುವುದರಿಂದ ಎಂಜಿನಿನ ಹಲ್ಲುಗಾಲಿಯ ಹಿಡಿತ ಎಂದೂ ತಪ್ಪದು. ಸ್ವಿಸ್ ಎಂಜಿನಿಯರ್ ರೋಮನ್ ಆಬ್ಟ್ ಕಂಡುಹಿಡಿದ ಉಪಾಯವಿದು. ಒಂದು ಜೊತೆ ಸಿಲಿಂಡರುಗಳಲ್ಲಿ ದುಡಿದು ಸಾಮಾನ್ಯ ಚಕ್ರಗಳನ್ನು ತಿರುಗಿಸಿದ ಉಗಿ, ಏರಿನಲ್ಲಿ ವ್ಯರ್ಥವಾಗದೆ ಇನ್ನೊಂದು ಜೊತೆಯನ್ನು ಹೊಕ್ಕು ಹಲ್ಲುಗಾಲಿಗಳನ್ನು ತಿರುಗಿಸುತ್ತದೆ. ಬಡವರ ಮನೆಯ ಗೃಹಿಣಿಯಂತೆ ಒಂದೇ ಉಗಿಯಿಂದ ಎರಡು ಕೆಲಸ!

ಹಿಲ್‌ಗ್ರೋವ್ ನಿಲ್ದಾಣದಲ್ಲಿ ಎಂಜಿನು ನೀರು ಕುಡಿಯಲು ನಿಂತಿತು. ಇದು ಸ್ವಿಟ್ಸರ್ಲೆಂಡಿನ ವಿಂಟರ್‌ತೂರ್‌ನಿಂದ ಬಂದ ಹಳೆಯ ಎಂಜಿನೇ ಎಂದು ರೈಲಿನ ನೌಕರರೊಬ್ಬರನ್ನು ಕೇಳಿದೆ. ಅವರು ನಕ್ಕರು. "ಅಲ್ಲ ಸಾರ್, ಇದು ನಮ್ಮ ತಿರುಚಿರಾಪಳ್ಳಿಯ ಗೋಲ್ಡನ್ ರಾಕ್ ಕಾರ್ಖಾನೆಯದು. 2011ರಿಂದ ಈಚೆಗೆ ಅಲ್ಲಿಯೇ ಮಾಡಿದ್ದಾರೆ. ಇದ್ದಲೂ ಅಲ್ಲ, ಎಣ್ಣೆ."

ನನಗೆ ಮುಖಭಂಗವಾಯಿತು. ಇನ್ನೂರೈವತ್ತು ಮೈಲಿ ದೂರ ಕರೆತಂದು ತಂದೆಯವರಿಗೆ ತೋರಿಸಿದ್ದು ನನ್ನ ಅರ್ಧ ವಯಸ್ಸೂ ಇಲ್ಲದ ಎಂಜಿನು! ಸಂಕೋಚದಿಂದ ವಿಷಯ ತಿಳಿಸಿದೆ. ಮೂವತ್ತು ವರ್ಷ ಲೇತ್ ಯಂತ್ರದ ಮುಂದೆ ನಿಂತು ದುಡಿದವರು ಅವರು. ನಿವೃತ್ತರಾದ ಮೇಲೆ ಮಾತು ಕಡಮೆ. ಈಚೆಗೆ ಕೈಯೂ ಸ್ವಲ್ಪ ನಡುಗುತ್ತದೆ. ಉತ್ತರ ಕೊಡದೆ ಹಳಿಯ ಬಳಿ ಮೆಲ್ಲನೆ ಕುಳಿತು, ಹಲ್ಲುಪಟ್ಟಿಯ ಅಂಚನ್ನು ಹೆಬ್ಬೆರಳಿನಿಂದ ತಡವಿ ನೋಡಿದರು.

"ಇದನ್ನು ಈಗಲೂ ಮಾಡುತ್ತಾರೆಯೇ?" ಎಂದರು.

"ಮಾಡುತ್ತಾರಂತೆ, ಅಪ್ಪಾ."

"ಹಾಗಾದರೆ ನೀನೇಕೆ ಮುಖ ಸಪ್ಪೆ ಮಾಡಿಕೊಂಡೆ? ಹಳೆಯ ಎಂಜಿನನ್ನು ಉಳಿಸುವುದೇನು ಕಷ್ಟ? ಮೇಲೊಂದು ಚಪ್ಪರ ಹಾಕಿದರೆ ಆಯಿತು. ಇಂಥದನ್ನು ಮಾಡಬಲ್ಲ ಕೈ ಹೋದರೆ ಯಾವ ಚಪ್ಪರದ ಕೆಳಗೆ ಇಡುತ್ತೀಯೆ?"

ಶಿಳ್ಳೆಯಾಯಿತು. ಮುಂದಿನ ದಾರಿಯುದ್ದಕ್ಕೂ ಅವರು ಕಣಿವೆಯನ್ನು ನೋಡಲೇ ಇಲ್ಲ. ತಿರುವು ಬಂದಾಗಲೆಲ್ಲ ಕಿಟಕಿಯಿಂದ ಹಿಂದಕ್ಕೆ ಬಾಗಿ ಒಂದರ ಮೇಲೊಂದು ಕುಳಿತ ಆ ಜೋಡಿ ಸಿಲಿಂಡರುಗಳ ಆಟವನ್ನು ನೋಡುತ್ತಿದ್ದರು. ತಾವು ಎಂದೋ ಕಡೆದ ಉಕ್ಕಿನ ಗಾಲಿಗಳ ಅಳತೆಗಳನ್ನು, ಹೊಸದಾಗಿ ಸೇರಿದ ಹುಡುಗರಿಗೆ ಕೆಲಸ ಕಲಿಸಿದ ಬಗೆಯನ್ನು ಹೇಳುತ್ತಿದ್ದರು. ಅಷ್ಟೊಂದು ಮಾತನ್ನು ಅವರ ಬಾಯಿಂದ ನಾನು ವರ್ಷಗಳಿಂದ ಕೇಳಿರಲಿಲ್ಲ.

ಕೂನೂರಿನಲ್ಲಿ ಉಗಿ ಎಂಜಿನು ಬೇರೆಯಾಗಿ ಡೀಸೆಲ್ ಬಂದು ಸೇರಿತು. ಹೆಬ್ಬೆರಳಿಗೆ ಹತ್ತಿದ್ದ ಜಿಡ್ಡನ್ನು ಒರೆಸಿಕೊಳ್ಳಲೆಂದು ಕರವಸ್ತ್ರ ಕೊಟ್ಟೆ. "ಇರಲಿ ಬಿಡು" ಎಂದು ಅವರು ಅದನ್ನು ಮಡಿಚಿ ನನಗೇ ಮರಳಿಸಿದರು.