ಮೂಕಿ ಚಿತ್ರದ ಜೀತದಾಳು

ನಾನು ನೋಡದ ಸಿನಿಮಾ ಒಂದರ ಬಗ್ಗೆ ಬರೆಯುತ್ತಿದ್ದೇನೆ. ಮೋಹನ್ ಭವನಾನಿ ತೆಗೆದ ‘ವಸಂತಸೇನಾ’, 1931ರ ಹೊತ್ತಿನ ಮೂಕಿ ಚಿತ್ರ. ಕಮಲಾದೇವಿ ಚಟ್ಟೋಪಾಧ್ಯಾಯ, ಟಿ.ಪಿ. ಕೈಲಾಸಂ ಅದರಲ್ಲಿ ಅಭಿನಯಿಸಿದ್ದರು. ಆ ಕಾಲದ ಮೂಕಿ ಚಿತ್ರಗಳಲ್ಲಿ ಬಹುಪಾಲು ಈಗ ಉಳಿದಿಲ್ಲ. ಕಥೆ ಮಾತ್ರ ಉಳಿದಿದೆ, ಶೂದ್ರಕನ ‘ಮೃಚ್ಛಕಟಿಕ’ದ್ದು. ನಂಜನಗೂಡಿನಲ್ಲಿ ಬಿ.ಎ. ಓದುವಾಗ ಮೇಷ್ಟರು ಅದನ್ನು ಪ್ರೇಮಕಥೆ ಅಂತ ಪಾಠ ಮಾಡಿದರು. ನನ್ನ ಕಣ್ಣು ಸ್ಥಾವರಕನ ಮೇಲೆ ನಿಂತಿತು.

ರಜಕ್ಕೆ ತಿ. ನರಸೀಪುರದ ನಮ್ಮ ಕೇರಿಗೆ ಹೋದಾಗ ಅಜ್ಜಿಗೆ ಕಥೆ ಹೇಳಿದೆ. ಸ್ಥಾವರಕ ರಾಜನ ಭಾವಮೈದ ಶಕಾರನ ಆಳು, ಗಾಡಿ ಹೊಡೆಯುವವನು. ವಸಂತಸೇನೆಯನ್ನು ಕೊಲ್ಲು, ಚಿನ್ನದ ಬಳೆ ಕೊಡ್ತೀನಿ, ನನ್ನ ಎಂಜಲೆಲ್ಲ ನಿಂಗೇ ಅಂತಾನೆ ಶಕಾರ. ಎಂಜಲಿನ ಮಾತಿಗೆ ಅಜ್ಜಿ ಕಣ್ಣಲ್ಲಿ ನೀರು ಬರೋ ಹಂಗೆ ನಕ್ಕಳು.

ಆಳು ಒಲ್ಲೆ ಅಂದ. ಶಕಾರನೇ ಕತ್ತು ಹಿಸುಕಿ, ಸತ್ತಳು ಅಂದುಕೊಂಡು, ಕೊಲೆಯನ್ನು ಬಡವ ಚಾರುದತ್ತನ ತಲೆಗೆ ಕಟ್ಟಿದ. ಸಂಕೋಲೆಯಲ್ಲಿದ್ದ ಸ್ಥಾವರಕ ಮೇಲಿಂದ ಹಾರಿ ಬೀದಿಗೆ ಬಂದು ನಿಜ ಕೂಗಿದ. ಇವನು ಕಳ್ಳ, ನನ್ನ ಚಿನ್ನ ಕದ್ದಿದ್ದಕ್ಕೆ ಹೊಡೆದಿದ್ದೆ, ಬೇಕಾದ್ರೆ ಬೆನ್ನು ನೋಡಿ ಅಂದ ಶಕಾರ. ಬೆನ್ನು ನೋಡಿದವರು ಒಡೆಯನ ಮಾತನ್ನೇ ನಂಬಿದರು.

ಅಜ್ಜಿಯ ನಗು ನಿಂತಿತು. “ನಿಮ್ ತಾತಂಗೂ ಹಿಂಗೇ ಆಯ್ತು ಕನ ಮಗ.” 1976ರ ಜೀತವಿಮುಕ್ತಿ ಕಾಯ್ದೆಗೆ ಮುಂಚಿನ ಮಾತು. ಮದುವೆ ಸಾಲಕ್ಕೆ ತಾತ ಜೀತಕ್ಕಿದ್ದ. ಒಡೆಯನ ಮಗ ರಾತ್ರೋರಾತ್ರಿ ಭತ್ತದ ಮೂಟೆ ಸಾಗಿಸಿದ್ದನ್ನು ಕಂಡು ಹೇಳಿದ. ಕಳ್ಳ ಅಂತ ಬಾರುಕೋಲಲ್ಲಿ ಬಾರಿಸಿದರು. ಬಾಸುಂಡೆ ತೋರಿಸಲು ಅಂಗಿ ಬಿಚ್ಚಬೇಕಾಗಿರಲಿಲ್ಲ, ಅಂಗಿಯೇ ಇರಲಿಲ್ಲ.

ಮೂಕಿ ಚಿತ್ರದಲ್ಲಿ ಮಾತನ್ನು ಅಕ್ಷರದಲ್ಲಿ ತೋರಿಸುತ್ತಿದ್ದರು. ನಮ್ಮ ಮುತ್ತಾತ ಅದನ್ನು ನೋಡಿದ್ದರೂ ಸ್ಥಾವರಕ ಹೇಳಿದ್ದನ್ನು ಓದಲಾರದವನು. ಬೆನ್ನು ಮಾತ್ರ ಕಾಣುತ್ತಿತ್ತು.

“ಆಮೇಕೆ?”

ವಸಂತಸೇನೆ ಬದುಕಿ ಬಂದಳು. ದನ ಕಾಯುವವರ ಹುಡುಗ ಆರ್ಯಕ ರಾಜನಾದ. ಸ್ಥಾವರಕನ ದಾಸ್ಯ ಬಿಟ್ಟಿತು. ಶಕಾರನಿಗೆ ಕ್ಷಮೆ. ಶೂಲಕ್ಕೆ ಏರಿಸಬೇಕಿದ್ದ ಇಬ್ಬರು ಚಂಡಾಲರನ್ನು ಎಲ್ಲ ಚಂಡಾಲರ ಯಜಮಾನರನ್ನಾಗಿ ಮಾಡಿದರು.

“ಅಂದ್ರೆ ಅದೇ ಕೇರಿಗೆ ಯಜಮಾನ್ರು?”

“ಹೂಂ.”

ಅಜ್ಜಿ ಎಲೆಅಡಿಕೆ ಉಗಿದು ಬಂದು ಕೂತಳು. “ಸಿನಿಮಾದಲ್ಲೂ ಹಂಗೇ ತೆಗ್ದವ್ರಾ?”

ನೋಡಿಲ್ಲ ಕನಜ್ಜಿ, ಅಂದೆ.