ಕೆಸುವಿನ ದಾಯಾದಿಗಳು

ಹವಾಯಿ ದ್ವೀಪದ ದೊರೆ ಲೀಲೋವಾ ಒಮ್ಮೆ ಎಲೆಯ ಲಂಗೋಟಿ ಉಟ್ಟುಕೊಂಡು ಮನೆಗೆ ಬಂದನಂತೆ. ದೊರೆಗೆ ತಲೆ ಕೆಟ್ಟಿದೆ ಎಂದುಕೊಂಡರು ಜನ. ತಲೆ ನೆಟ್ಟಗೇ ಇತ್ತು. ಹಳ್ಳದ ಬಳಿ ಕಂಡ ಅಕಾಹಿ ಎಂಬ, ಅಂತಸ್ತಿಲ್ಲದ ಹೆಣ್ಣಿಗೆ ಮನಸೋತು, ಮುಂದೆ ಹುಟ್ಟುವ ಮಗನ ಗುರುತಿಗೆಂದು ತನ್ನ ಲಂಗೋಟಿ, ತಿಮಿಂಗಿಲದ ಹಲ್ಲಿನ ಕೊರಳಸರ, ಗದೆ ಮೂರನ್ನೂ ಕೊಟ್ಟು ಬಂದಿದ್ದ. ನಮ್ಮ ದುಷ್ಯಂತ ಕೊಟ್ಟದ್ದು ಒಂದೇ ಉಂಗುರ. ಅದೂ ಮೀನಿನ ಹೊಟ್ಟೆ ಸೇರಿತು. ಅಕಾಹಿ ಜೋಪಾನಗಾತಿ, ಮೂರನ್ನೂ ಕಾಪಾಡಿಟ್ಟಳು.

ಮಗ ಉಮಿ ಬೆಳೆದ. ಸಾಕುತಂದೆ ಒಂದು ದಿನ ಅವನಿಗೆ ಬಾರಿಸುತ್ತಿದ್ದಾಗ ಅಕಾಹಿ, ‘ನೀನು ಹೊಡೆಯುತ್ತಿರುವುದು ನಿನ್ನ ಒಡೆಯನಿಗೆ’ ಎಂದು ಗುರುತುಗಳನ್ನು ತಂದು ಮುಂದಿಟ್ಟಳು. ಆ ಬಡಪಾಯಿಯ ಜಂಘಾಬಲವೇ ಉಡುಗಿಹೋಯಿತು. ಹುಡುಗ ದೊರೆಯಿದ್ದ ವೈಪಿಯೊ ಕಣಿವೆಗೆ ಹೋಗಿ, ಬೇಲಿ ಹಾರಿ, ಕಾವಲುಗಾರರನ್ನು ತಪ್ಪಿಸಿ, ನೇರ ಅಪ್ಪನ ತೊಡೆಯ ಮೇಲೆ ಕೂತ. ಲೀಲೋವಾ ಸಾಯುವಾಗ ನೆಲ ಹಿರಿಮಗ ಹಾಕಾವುವಿಗೆ, ಯುದ್ಧದೇವರು ಉಮಿಗೆ. ಇಂಥ ಪಾಲುಪಟ್ಟಿಯಿಂದ ಏನಾಗಬೇಕೋ ಅದೇ ಆಯಿತು: ಹಾಕಾವು ಸತ್ತ, ಉಮಿ ದೊರೆಯಾದ. ಆಮೇಲೆ ಮಲತಂಗಿ ಕಪುಕಿನಿಯನ್ನೇ ಮದುವೆಯಾದ. ತನ್ನ ವಂಶದ ತೇಪೆ ಮಕ್ಕಳ ವಂಶದಲ್ಲಿ ಕಾಣಬಾರದಲ್ಲ!

ನಗಬೇಡಿ, ಅಲ್ಲಿ ಅಣ್ಣತಂಗಿಯರಿಗೆ ಹುಟ್ಟಿದವರದೇ ಎಲ್ಲಕ್ಕಿಂತ ಮೇಲಿನ ಅಂತಸ್ತು. ದ್ವೀಪಗಳನ್ನೆಲ್ಲ ಒಂದು ಮಾಡಿದ ಕಮೆಹಮೆಹಾನಿಗಿಂತ ಅವನ ಹೆಂಡತಿ ಕೆಯೊಪುವೊಲಾನಿ ಕುಲದಲ್ಲಿ ಮೇಲು. ಶತ್ರುಗಳನ್ನು ನಡುಗಿಸಿದ ಆ ಆಸಾಮಿ ಹೆಂಡತಿಯ ಮುಂದೆ ತೆವಳಿಕೊಂಡು ಬರಬೇಕಿತ್ತಂತೆ. 1819ರಲ್ಲಿ ಅವನು ತೀರಿಕೊಂಡ ಮೇಲೆ, ಗಂಡಸರೂ ಹೆಂಗಸರೂ ಒಟ್ಟಿಗೆ ಉಣ್ಣಬಾರದೆಂಬ ಕಟ್ಟಳೆಯನ್ನು ಮುರಿಯಲು ಮುಂದಾದವರಲ್ಲಿ ಈಕೆಯೂ ಒಬ್ಬಳು. ಅಷ್ಟು ಎತ್ತರದಲ್ಲಿದ್ದವಳನ್ನು ಕೇಳುವವರಾರು?

ಈ ವಂಶಾವಳಿಗಳನ್ನೆಲ್ಲ ನೆನಪಿಟ್ಟುಕೊಳ್ಳಲು ಆಸ್ಥಾನಗಳಲ್ಲಿ ಅಲ್ಲಿನ ಹೆಳವರಿದ್ದರು. ಬರಹವಿಲ್ಲದ ಕಾಲ, ಎಲ್ಲವೂ ಬಾಯಿಪಾಠ. ಅವರು ಹೇಳುತ್ತಿದ್ದ ‘ಕುಮುಲಿಪೊ’ ಎಂಬ ಸೃಷ್ಟಿಕಾವ್ಯಕ್ಕೆ ಎರಡು ಸಾವಿರಕ್ಕೂ ಹೆಚ್ಚು ಸಾಲು, ಹದಿನಾರು ಭಾಗ. ನಮ್ಮ ಅರಸರು ಸೂರ್ಯನಿಗೋ ಚಂದ್ರನಿಗೋ ನೆಂಟಸ್ತಿಕೆ ಹೇಳಿಕೊಂಡರು. ಕುಮುಲಿಪೊದ ಕತ್ತಲಲ್ಲಿ ಮೊದಲು ಹುಟ್ಟುವುದು ಹವಳದ ಹುಳು! ದೊರೆಗಳ ಸರದಿ ಬರುವುದು ಚಿಪ್ಪು, ಮೀನು, ಹಕ್ಕಿ ಎಲ್ಲ ಮುಗಿದ ಮೇಲೆ. ಇನ್ನೊಂದು ಕತೆಯಲ್ಲಿ ಆಕಾಶಪುರುಷ ವಾಕೆಯಾನ ಮೊದಲ ಗಂಡುಮಗು ಸತ್ತೇ ಹುಟ್ಟುತ್ತದೆ. ಅದನ್ನು ಹೂತ ಜಾಗದಲ್ಲಿ ಕೆಸು ಚಿಗುರುತ್ತದೆ. ಆಮೇಲೆ ಹುಟ್ಟಿದ ತಮ್ಮ ಹಾಲೋವಾನೇ ಮನುಷ್ಯರ ಮೂಲಪುರುಷ. ಅಂದರೆ ಕೆಸು ನಮಗೆಲ್ಲ ಅಣ್ಣ. ಪತ್ರೊಡೆಗೆ ಎಲೆ ಕೊಡುವ ಅದೇ ಕೆಸು! ಅದರ ಗೆಡ್ಡೆ ಬೇಯಿಸಿ ಕುಟ್ಟಿ ಮಾಡಿದ ಪೊಯಿಯ ಬಟ್ಟಲು ತೆರೆದಿರುವಾಗ ಮನೆಯವರು ಜಗಳವಾಡಬಾರದು. ಹಿರಿಯಣ್ಣ ಎದುರಿಗಿದ್ದಾನೆ.

ಓಟು ಬಂದ ಮೇಲಾದರೂ ಈ ವಂಶದ ಗೀಳು ಬಿಟ್ಟಿತೇ? 1874ರಲ್ಲಿ ಶಾಸನಸಭೆ 39–6 ಮತಗಳಿಂದ ಕಲಾಕವುವಾನನ್ನು ರಾಜನಾಗಿ ಆರಿಸಿತು. ಸೋತ ರಾಣಿ ಎಮ್ಮಾಳ ಕಡೆಯವರು ದೊಂಬಿ ಎಬ್ಬಿಸಿದರು. 1881ರಲ್ಲಿ ಲೋಕ ಸುತ್ತಲು ಹೊರಟು ಕಲ್ಕತ್ತ, ಬೊಂಬಾಯಿಗಳನ್ನೂ ನೋಡಿಹೋದ ರಸಿಕ ಈತ. ಆದರೂ ವಂಶದ ವಿಷಯದಲ್ಲಿ ಕೊಂಕು ತಪ್ಪಲಿಲ್ಲ. ಕಡೆಗೆ 1889ರಲ್ಲಿ, ತನ್ನ ಪೂರ್ವಿಕನಿಗಾಗಿ ಕಟ್ಟಿದ್ದೆನ್ನುವ ಕುಮುಲಿಪೊವನ್ನೇ ಅಚ್ಚು ಹಾಕಿಸಿದ. ಬಾಯಿ ಮುಚ್ಚಿಸಲು ಮಾಡಿದ್ದೇ ಇರಬಹುದು; ಲಾಭ ನಮಗಾಯಿತು.

ಸಿಂಹಾಸನ 1893ರಲ್ಲಿ ಹೋಯಿತು. 1895ರಲ್ಲಿ ತನ್ನದೇ ಅರಮನೆಯಲ್ಲಿ ಸೆರೆಯಾಗಿದ್ದ ಕಲಾಕವುವಾನ ತಂಗಿ, ಕೊನೆಯ ರಾಣಿ ಲಿಲಿಯುವೊಕಲಾನಿ, ಆ ಕಾವ್ಯವನ್ನು ಇಂಗ್ಲಿಷಿಗೆ ತರಲು ಕೂತಳು. ಅನುವಾದ 1897ರಲ್ಲಿ ಬಾಸ್ಟನ್ನಿನಲ್ಲಿ ಅಚ್ಚಾಯಿತು.