ಅಮ್ಮನ ತಮಿಳು ಪಾಠ

ಅಮ್ಮ ತಮಿಳು ಕಲಿಯಲು ಹೊರಟಿದ್ದು ತನ್ನ 68ನೇ ವಯಸ್ಸಿನಲ್ಲಿ. ಅಪ್ಪ ತೀರಿಕೊಂಡ ಮೇಲೆ ಹಾಸನದ ಮನೆಗೆ ಬೀಗ ಹಾಕಿ ಅವಳನ್ನು ಚೆನ್ನೈಗೆ ಕರೆತಂದೆವು. ದಾರಿಹೋಕರನ್ನೂ ನಿಲ್ಲಿಸಿ ಮಾತಾಡಿಸುತ್ತಿದ್ದ ಅಮ್ಮ ಇಲ್ಲಿ ನಾವೆಲ್ಲ ಹೊರಟ ಮೇಲೆ ಸಂಜೆಯ ತನಕ ಒಬ್ಬಳೇ. ಮನೆಯ ಜೊತೆಗೆ ಅವಳ ಬಾಯಿಗೂ ಬೀಗ ಬಿದ್ದಂತಾಯಿತು.

ಕೊನೆಗೊಂದು ದಿನ ತಾನೇ ಧೈರ್ಯ ಮಾಡಿ ಅಂಗಡಿಗೆ ಹೋಗಿ ‘ತುಪ್ಪ ಕೊಡಪ್ಪಾ’ ಎಂದಳಂತೆ. ಅಂಗಡಿಯವನು ಕಕ್ಕಾಬಿಕ್ಕಿ! ತಮಿಳಿನಲ್ಲಿ ‘ತುಪ್ಪು’ ಎಂದರೆ ಉಗುಳು. ತುಪ್ಪಕ್ಕೆ ಅಲ್ಲಿ ‘ನೆಯ್’ ಎನ್ನಬೇಕು.

ಅವಳಿಗೆ ಆಸೆ ಹುಟ್ಟಿಸಿದವಳು ಹೂ ಮಾರುವಾಕೆ. ಅವಳು ‘ಪೂ’, ‘ಮೊಳಂ’ ಎನ್ನುತ್ತಿದ್ದಂತೆ ಅಮ್ಮನ ಮುಖ ಅರಳಿತು. ‘ಇವಳೂ ಮೊಳದಲ್ಲೇ ಅಳೀತಾಳೆ ಕಣೇ!’ ಹಳಗನ್ನಡದಲ್ಲಿ ನಾವೂ ಪೂ, ಪಾಲ್, ಪುಲಿ ಎನ್ನುತ್ತಿದ್ದೆವು, ಆಮೇಲೆ ನಮ್ಮ ‘ಪ’ಕಾರ ‘ಹ’ಕಾರವಾಯಿತು, ತಮಿಳರು ಹಾಗೇ ಉಳಿಸಿಕೊಂಡರು ಎಂದೆ. ಅಮ್ಮನಿಗೆ ನಿಧಿಯೇ ಸಿಕ್ಕಂತಾಯಿತು. ಹತ್ತು ‘ಪತ್ತು’, ಹಲ್ಲು ‘ಪಲ್’, ಹಣ ‘ಪಣಂ’ ಎಂದು ದಿನವಿಡೀ ಹೊಂದಿಸಿದ್ದೇ ಹೊಂದಿಸಿದ್ದು.

ಅದೇ ಹುರುಪಿನಲ್ಲಿ ಅಂಗಡಿಗೆ ಹೋಗಿ ಹಿಟ್ಟಿಗೆ ‘ಪಿಟ್ಟು’ ಎಂದಳು. ಕೈಸನ್ನೆ ನೋಡಿ ಅರ್ಥ ಮಾಡಿಕೊಂಡ ಅವನು ‘ಓ, ಮಾವಾ?’ ಎಂದ. ‘ಹಿಟ್ಟು ಕೇಳಿದರೆ ಮಾವು ಅಂತಾನಲ್ಲ!’ ಎಂದು ಗೊಣಗುತ್ತಾ ಬಂದಳು. ತಮಿಳಿನಲ್ಲಿ ಹಿಟ್ಟೇ ‘ಮಾವು’. ‘ಇಡ್ಲಿ ಮಾವು’ ಎಂದರೆ ಇಡ್ಲಿ ಹಿಟ್ಟು!

ಓದು ಕಲಿಸಿದವಳು ನನ್ನ ಮಗಳು. ತಮಿಳಿನಲ್ಲಿ ವ್ಯಂಜನಗಳು ಬರೀ 18. ಕ, ಖ, ಗ, ಘ ನಾಲ್ಕಕ್ಕೂ ಒಂದೇ ಅಕ್ಷರ. ತ, ಥ, ದ, ಧಕ್ಕೂ ಹಾಗೆಯೇ. ಒಂದು ಬೋರ್ಡನ್ನು ಕೂಡಿಸಿ ಕೂಡಿಸಿ ಓದಿದ ಅಮ್ಮ, ‘ಯಾರೇ ಇದು ಕಾಂತಿ?’ ಎಂದಳು. ‘ಅದು ಗಾಂಧಿ, ಅಜ್ಜಿ!’ ಎಂದು ಮಗಳು ಬಿದ್ದು ಬಿದ್ದು ನಕ್ಕಳು. ಅಪ್ಪ ಹೋದ ಮೇಲೆ ಅಮ್ಮ ಬಾಯ್ತುಂಬ ನಕ್ಕಿದ್ದು ಅವತ್ತೇ ಮೊದಲು.

ಈಗ ಎದುರು ಮನೆಯ ಪಾಟಿಗೂ ಅಮ್ಮನಿಗೂ ಬಿಡಿಸಲಾಗದ ಸ್ನೇಹ. ಮೋರ್ ಕುಳಂಬಿನ ಬಟ್ಟಲು ಆ ಕಡೆಯಿಂದ ಬಂದರೆ, ಮಜ್ಜಿಗೆ ಹುಳಿ ತುಂಬಿಕೊಂಡು ವಾಪಸು ಹೋಗುತ್ತದೆ. ಮಧ್ಯಾಹ್ನವಾದರೆ ಅಮ್ಮ ಈ ಬಾಗಿಲಿನಿಂದ ‘ಸಾಪ್ಟಾಚಾ?’ ಎನ್ನುತ್ತಾಳೆ. ಆ ಬಾಗಿಲಿನಿಂದ ಪಾಟಿಯ ಉತ್ತರ ಬರುತ್ತದೆ: ‘ಊಟ ಆಯ್ತು, ನಿಮ್ದು?’